ಬೆಳಗೊಳದ ಒತ್ತೆಯಿಂದ ಇಂದಿನ ಗೃಹಸಾಲದವರೆಗೆ

ಶಕವರ್ಷ 1556, ಅಂದರೆ ಕ್ರಿ.ಶ. 1634ರಲ್ಲಿ ಶ್ರವಣಬೆಳಗೊಳದಲ್ಲಿ ಒಂದು ಋಣವಿಮೋಚನೆ ನಡೆಯಿತು. ಗೊಮ್ಮಟಸ್ವಾಮಿಯ ಪೂಜೆಗೆಂದು ಪೂರ್ವಿಕರು ದತ್ತಿಬಿಟ್ಟಿದ್ದ ಭೂಮಿಗಳನ್ನು ಅಲ್ಲಿಯ ಸ್ಥಾನಿಕರು ಸಂಕಟದ ಕಾಲವೊಂದರಲ್ಲಿ ವರ್ತಕರಿಗೆ ಒತ್ತೆಯಿಟ್ಟಿದ್ದರು. ಒತ್ತೆ ಹಿಡಿದವರು ಅವನ್ನು ಬಹುಕಾಲ ಅನುಭವಿಸಿಕೊಂಡು ಬಂದಿದ್ದರು. ಮೈಸೂರಿನ ಚಾಮರಾಜ ಒಡೆಯರು ಈ ಸಂಗತಿಯನ್ನು ವಿಚಾರಿಸಿ ತಿಳಿದು, ಆ ವರ್ತಕರನ್ನು ಕರೆಸಿ, ಅವರ ಸಾಲವನ್ನು ತಾವೇ ತೀರಿಸುವುದಾಗಿ ಹೇಳಿದರು. ವರ್ತಕರು ಹಣವನ್ನು ಪಡೆಯದೆ, ತಮ್ಮ ತಂದೆತಾಯಿಗಳಿಗೆ ಪುಣ್ಯವಾಗಲೆಂದು ಒತ್ತೆಯನ್ನು ಬಿಟ್ಟುಕೊಟ್ಟರು. ಗೊಮ್ಮಟಸ್ವಾಮಿಯ ಮತ್ತು ಚಾರುಕೀರ್ತಿ ಪಂಡಿತದೇವರ ಸನ್ನಿಧಿಯಲ್ಲಿ ಧಾರಾಪೂರ್ವಕವಾಗಿ ಈ ಕಾರ್ಯ ನೆರವೇರಿತು. ಶಾಸನವು ಇಷ್ಟಕ್ಕೇ ನಿಲ್ಲುವುದಿಲ್ಲ. ಇನ್ನು ಮುಂದೆ ದೇವರ ದತ್ತಿಯನ್ನು ಒತ್ತೆಯಿಡುವ ಸ್ಥಾನಿಕನನ್ನೂ, ಅದನ್ನು ಒತ್ತೆ ಹಿಡಿದು ಸಾಲ ಕೊಡುವವನನ್ನೂ ಅದು ಒಂದೇ ಸಮನಾಗಿ ಧರ್ಮಬಾಹಿರರೆಂದು ಸಾರುತ್ತದೆ.

ಈ ಪ್ರಸಂಗವನ್ನು ಸಾಮಾನ್ಯವಾಗಿ ಮೈಸೂರು ಅರಸರ ಧರ್ಮಸಹಿಷ್ಣುತೆಗೆ ನಿದರ್ಶನವಾಗಿ ಉದಾಹರಿಸುವುದುಂಟು. ಅದು ಸರಿಯೇ. ಆದರೆ ಸಾಲದ ಇತಿಹಾಸವನ್ನು ಅರಿಯಬಯಸುವವರಿಗೆ ಅದರಲ್ಲಿ ಇನ್ನೊಂದು ವಿಷಯವೂ ದೊರೆಯುತ್ತದೆ. ಸ್ಥಾನಿಕರು ಪಡೆದ ಹಣ ಒಂದು ದಿನದ ಸಂಕಟಕ್ಕೆ ಪರಿಹಾರವಾಗಿತ್ತು. ಅದಕ್ಕೆ ತೆತ್ತ ಬೆಲೆಯಾದರೋ ವರ್ಷವರ್ಷವೂ ಕೈಬಿಟ್ಟು ಹೋದ ಬೆಳೆ ಮತ್ತು ಸೊರಗಿದ ಪೂಜೆ. ಮೊದಲಿನದು ಪತ್ರದಲ್ಲಿ ಬರೆದ ಅಂಕಿ. ಎರಡನೆಯದನ್ನು ಯಾರೂ ಬರೆದಿಡಲಿಲ್ಲ. ಒತ್ತೆಯ ನಿಜವಾದ ಬೆಲೆ ಯಾವಾಗಲೂ ಈ ಎರಡನೆಯ ಬಗೆಯದು. ಅದು ದರದಲ್ಲಿಲ್ಲ, ಕಾಲದಲ್ಲಿದೆ. ಈಗ ಮಧ್ಯಮವರ್ಗದ ಬಹುಪಾಲು ಕುಟುಂಬಗಳು ಇಪ್ಪತ್ತು ವರ್ಷಗಳ ಅವಧಿಗೆ ಮನೆಯನ್ನು ಒತ್ತೆಯಿಟ್ಟೇ ಮನೆಯನ್ನು ಕೊಳ್ಳುತ್ತಿರುವುದರಿಂದ, ಕಾಲದ ಈ ಲೆಕ್ಕವನ್ನು ಹಿಂದಿನವರು ಹೇಗೆ ಕಂಡಿದ್ದರು, ಅದಕ್ಕೆ ಯಾವ ಕಟ್ಟುಪಾಡುಗಳನ್ನು ಹಾಕಿದ್ದರು, ಅವುಗಳಲ್ಲಿ ಉಳಿದಿರುವುದೆಷ್ಟು ಎಂಬುದನ್ನು ಪರಿಶೀಲಿಸುವುದು ಉಚಿತವಾಗಿದೆ.

ಧರ್ಮಶಾಸ್ತ್ರಗಳಲ್ಲಿ ಒತ್ತೆಗೆ ‘ಆಧಿ’ ಎಂದು ಹೆಸರು. ಯಾಜ್ಞವಲ್ಕ್ಯ ಸ್ಮೃತಿಗೆ ಮಿತಾಕ್ಷರಾ ಎಂಬ ಪ್ರಸಿದ್ಧ ವ್ಯಾಖ್ಯಾನವನ್ನು ಬರೆದ ವಿಜ್ಞಾನೇಶ್ವರನು ಚಾಲುಕ್ಯ ಆರನೆಯ ವಿಕ್ರಮಾದಿತ್ಯನ (1076–1126) ಆಶ್ರಯದಲ್ಲಿ ಕಲ್ಯಾಣದಲ್ಲಿದ್ದವನು. ಕಲ್ಯಾಣವೆಂದರೆ ಇಂದಿನ ಬೀದರ ಜಿಲ್ಲೆಯ ಬಸವಕಲ್ಯಾಣ. ಇಂಗ್ಲಿಷರ ನ್ಯಾಯಾಲಯಗಳು ಹಿಂದೂ ನ್ಯಾಯವೆಂದು ದೇಶದ ಬಹುಭಾಗದಲ್ಲಿ ಅಂಗೀಕರಿಸಿದ ಗ್ರಂಥ ಕನ್ನಡನಾಡಿನಲ್ಲಿ ಹುಟ್ಟಿತೆಂಬುದು ನೆನಪಿಡಬೇಕಾದ ಸಂಗತಿ. ಒತ್ತೆಯಿರುವ ಸಾಲಕ್ಕೆ ಸ್ಮೃತಿಯು ತಿಂಗಳಿಗೆ ಎಂಬತ್ತನೆಯ ಒಂದು ಭಾಗವನ್ನು, ಅಂದರೆ ವರ್ಷಕ್ಕೆ ನೂರಕ್ಕೆ 15ರಷ್ಟು ಬಡ್ಡಿಯನ್ನು ವಿಧಿಸುತ್ತದೆ. ಒತ್ತೆಯಿಲ್ಲದ ಸಾಲಕ್ಕೆ ದರ ಹೆಚ್ಚು. ಅಲ್ಲಿ ವರ್ಣಭೇದವನ್ನನುಸರಿಸಿ ತಿಂಗಳಿಗೆ ನೂರಕ್ಕೆ ಎರಡರಿಂದ ಐದರವರೆಗೆ ಬಡ್ಡಿ. ಮೇಲಿನವನಿಗೆ ಕಡಿಮೆ, ಕೆಳಗಿನವನಿಗೆ ಹೆಚ್ಚು. ಬಡವನ ಸಾಲವೇ ದುಬಾರಿ ಎಂಬ ಅನ್ಯಾಯ ಅಂದಿನಿಂದಲೂ ಇದೆ ಎನ್ನಬೇಕಾಗುತ್ತದೆ.

ಅದಿರಲಿ. ದರಕ್ಕಿಂತ ಮುಖ್ಯವಾದವು ಒತ್ತೆಯ ಬಗೆಗಳು. ಒಂದು, ಧನಿಕನು ಕೇವಲ ಕಾಯ್ದಿಟ್ಟುಕೊಳ್ಳಬೇಕಾದ ಒತ್ತೆ. ಅದನ್ನು ಅವನು ಬಳಸಿದರೆ ಬಡ್ಡಿಯನ್ನು ಕಳೆದುಕೊಳ್ಳುತ್ತಾನೆ. ಇನ್ನೊಂದು, ಫಲವನ್ನು ಅನುಭವಿಸುವ ಒತ್ತೆ, ಫಲಭೋಗ್ಯ. ಇಲ್ಲಿ ಹೊಲದ ಬೆಳೆಯೋ ಮನೆಯ ಬಾಡಿಗೆಯೋ ಬಡ್ಡಿಯ ಸ್ಥಾನದಲ್ಲಿ ನಿಲ್ಲುತ್ತದೆ. ಅಸಲು ಮಾತ್ರ ಇದ್ದಲ್ಲಿಯೇ ಇರುತ್ತದೆ. ಮೊದಲ ಬಗೆಯ ಒತ್ತೆಯನ್ನು, ಸಾಲವು ಬಡ್ಡಿ ಸೇರಿ ಇಮ್ಮಡಿಯಾದಾಗಲೂ ಬಿಡಿಸಿಕೊಳ್ಳದಿದ್ದರೆ ಅದು ಒಡೆಯನ ಕೈತಪ್ಪುತ್ತದೆ. ಫಲಭೋಗ್ಯವಾದರೋ ಎಂದಿಗೂ ನಷ್ಟವಾಗದು. ಎಷ್ಟು ವರ್ಷಗಳು ಕಳೆದರೂ ಅಸಲನ್ನು ಕೊಟ್ಟು ಬಿಡಿಸಿಕೊಳ್ಳಬಹುದು. ಬೆಂಗಳೂರಿನ ಬೀದಿಗಳಲ್ಲಿ ‘ಮನೆ ಭೋಗ್ಯಕ್ಕಿದೆ’ ಎಂಬ ಫಲಕವನ್ನು ಇಂದಿಗೂ ಕಾಣಬಹುದು. ಒಂದು ಗಂಟು ಹಣವನ್ನು ಕೊಟ್ಟು ಬಾಡಿಗೆಯಿಲ್ಲದೆ ವಾಸಿಸಿ, ಬಿಡುವಾಗ ಅಷ್ಟೇ ಹಣವನ್ನು ಮರಳಿ ಪಡೆಯುವ ಈ ಪದ್ಧತಿಯಲ್ಲಿ ಯಾಜ್ಞವಲ್ಕ್ಯನ ಶಬ್ದವೂ ಅರ್ಥವೂ ಜೀವಂತವಾಗಿ ಉಳಿದಿವೆ. ನ್ಯಾಯವೂ ಉಳಿದಿದೆ. ಭೋಗ್ಯದ ಒತ್ತೆಯನ್ನು ಬಿಡಿಸಿಕೊಳ್ಳುವ ಹಕ್ಕು ಮೂವತ್ತು ವರ್ಷಗಳ ಕಾಲಮಿತಿ ಕಳೆದ ಮಾತ್ರಕ್ಕೆ ಅಳಿಯುವುದಿಲ್ಲವೆಂದು ಸರ್ವೋಚ್ಚ ನ್ಯಾಯಾಲಯವು 2014ರಲ್ಲಿ ತೀರ್ಪಿತ್ತಿದೆ.

ಸ್ಮೃತಿಯ ಮತ್ತೊಂದು ವಿಧಿ ಇನ್ನೂ ಕಠೋರವಾಗಿದೆ. ಸಾಲ ತೀರಿಸಲು ಹಣದೊಡನೆ ಬಂದವನಿಗೆ ಧನಿಕನು ಒತ್ತೆಯನ್ನು ಬಿಟ್ಟುಕೊಡಲೇಬೇಕು. ಕೊಡದಿದ್ದರೆ ಅವನು ಕಳ್ಳನೆನಿಸುತ್ತಾನೆ. ಸಾಲ ಕೊಟ್ಟವನಿಗೂ ಕಳ್ಳತನದ ದೋಷ ತಗಲಬಹುದೆಂಬ ಈ ಮಾತು ಜೈನ ಶ್ರಾವಕಾಚಾರಕ್ಕೆ ಹೊರತಾದುದಲ್ಲ. ತತ್ತ್ವಾರ್ಥಸೂತ್ರದ ಏಳನೆಯ ಅಧ್ಯಾಯದಲ್ಲಿ ಸುಳ್ಳು ಪತ್ರಗಳ ರಚನೆಯೂ, ನಂಬಿ ಇಟ್ಟ ವಸ್ತುವಿನ ಅಪಹಾರವೂ ಸತ್ಯಾಣುವ್ರತದ ಅತಿಚಾರಗಳಾಗಿ ಎಣಿಸಲ್ಪಟ್ಟಿವೆ. ಪರಿಗ್ರಹದ ಮಿತಿಯನ್ನು ಮೀರುವ ಅತಿಚಾರಗಳ ಪಟ್ಟಿಯಲ್ಲಿ ಮೊದಲು ಬರುವುವು ಕ್ಷೇತ್ರ ಮತ್ತು ವಾಸ್ತು, ಎಂದರೆ ಹೊಲ ಮತ್ತು ಮನೆ. ಸೂತ್ರಕಾರರಿಗೆ ಗೃಹಸ್ಥನ ದೌರ್ಬಲ್ಯ ಎಲ್ಲಿದೆಯೆಂಬುದು ತಿಳಿದಿತ್ತು.

ಬಡ್ಡಿಯ ನ್ಯಾಯವನ್ನು ಹೇಳಿದವರು ಒಂದೆಡೆಯಾದರೆ, ಬಡ್ಡಿಯ ಗಣಿತವನ್ನು ಕಲಿಸಿದವರು ಇನ್ನೊಂದೆಡೆ. ರಾಷ್ಟ್ರಕೂಟ ಅಮೋಘವರ್ಷ ನೃಪತುಂಗನ ಕಾಲದಲ್ಲಿ, ಒಂಬತ್ತನೆಯ ಶತಮಾನದಲ್ಲಿ, ಮಹಾವೀರಾಚಾರ್ಯನು ರಚಿಸಿದ ಗಣಿತಸಾರಸಂಗ್ರಹದ ಮಿಶ್ರಕ ವ್ಯವಹಾರವೆಂಬ ಪ್ರಕರಣದಲ್ಲಿ ಅಸಲು, ಬಡ್ಡಿ, ಕಾಲ ಇವುಗಳಲ್ಲಿ ತಿಳಿಯದಿರುವ ಒಂದನ್ನು ಉಳಿದವುಗಳಿಂದ ಕಂಡುಹಿಡಿಯುವ ಕ್ರಮಗಳಿವೆ. ಕಂತುಗಳಲ್ಲಿ ಸಾಲ ತೀರಿಸುವ ಸಮಸ್ಯೆಗಳೂ ಇವೆ. ಎಂ. ರಂಗಾಚಾರ್ಯರ ಇಂಗ್ಲಿಷ್ ಅನುವಾದದೊಡನೆ ಈ ಗ್ರಂಥವು 1912ರಲ್ಲಿ ಮದ್ರಾಸಿನಲ್ಲಿ ಅಚ್ಚಾದಾಗ ವಿದ್ವಲ್ಲೋಕವು ಬೆರಗಾಯಿತು. ಹನ್ನೆರಡನೆಯ ಶತಮಾನದ ಜೈನಕವಿ ರಾಜಾದಿತ್ಯನು ವ್ಯವಹಾರಗಣಿತವನ್ನು ಕನ್ನಡದಲ್ಲಿಯೇ ಬರೆದನು. ವರ್ತಕನಾದವನಿಗೆ ಮಾತ್ರವಲ್ಲ, ವರ್ತಕನೊಡನೆ ವ್ಯವಹರಿಸುವವನಿಗೂ ಲೆಕ್ಕ ತಿಳಿದಿರಬೇಕೆಂಬ ಭಾವನೆ ಆ ಕಾಲದಲ್ಲಿ ಇದ್ದಿತೆಂದು ಇದರಿಂದ ಊಹಿಸಬಹುದು. ಲೆಕ್ಕ ತಿಳಿದವರು ಒಂದೇ ಪಕ್ಷದವರಾದಾಗ ಆಗುವ ಅನಾಹುತಕ್ಕೆ ಹತ್ತೊಂಬತ್ತನೆಯ ಶತಮಾನದ ದಖ್ಖನ್ ಸೀಮೆ ಸಾಕ್ಷಿಯಾಯಿತು.

ಪುಣೆ ಜಿಲ್ಲೆಯ ಸುಪೆ ಎಂಬ ಊರಿನಲ್ಲಿ 1875ರ ಮೇ 12ರಂದು ಸಂತೆಗೆ ನೆರೆದ ರೈತರು ಸಾಹುಕಾರರ ಅಂಗಡಿಮನೆಗಳಿಗೆ ನುಗ್ಗಿದರು. ದಂಗೆಯು ಬಹುಬೇಗ ಪುಣೆ ಮತ್ತು ಅಹಮದನಗರ ಜಿಲ್ಲೆಗಳ ಹಳ್ಳಿಗಳಿಗೆ ಹಬ್ಬಿತು. ದಂಗೆಕೋರರು ಮುಖ್ಯವಾಗಿ ಹುಡುಕಿದ್ದು ಪ್ರಾಣವನ್ನಲ್ಲ, ಒಡವೆಯನ್ನೂ ಅಲ್ಲ. ಸಾಲಪತ್ರಗಳನ್ನು ಮತ್ತು ಖಾತೆಯ ಪುಸ್ತಕಗಳನ್ನು. ಅವು ಸಿಕ್ಕಲ್ಲಿ ಸುಟ್ಟರು. ಸಾಹುಕಾರರಲ್ಲಿ ಬಹುಮಂದಿ ಮಾರವಾಡದಿಂದಲೂ ಗುಜರಾತಿನಿಂದಲೂ ಬಂದು ನೆಲಸಿದ್ದವರು. ಅವರಲ್ಲಿ ವೈಷ್ಣವರಿದ್ದಂತೆ ಜೈನರೂ ಇದ್ದರು. ಇದನ್ನು ಮರೆಮಾಚುವುದರಿಂದ ಪ್ರಯೋಜನವಿಲ್ಲ. ಸಾಹುಕಾರರೆಲ್ಲರೂ ವಂಚಕರಾಗಿದ್ದರೆಂದು ಹೇಳುವುದೂ ಇತಿಹಾಸಕ್ಕೆ ಅಪಚಾರವಾಗುತ್ತದೆ. ಅಮೆರಿಕದ ಅಂತರ್ಯುದ್ಧದ ವರ್ಷಗಳಲ್ಲಿ (1861–65) ಹತ್ತಿಯ ಬೆಲೆ ಏರಿ, ಯುದ್ಧಾನಂತರ ಇಳಿಯಿತು. ಭೂಕಂದಾಯವಾದರೋ ಪರಿಷ್ಕರಣೆಯಾಗಿ ಏರಿತು. ಬೆಲೆಯೇರಿದ ಕಾಲದಲ್ಲಿ ಸುಲಭವಾಗಿ ಸಿಕ್ಕ ಸಾಲ, ಬೆಲೆಯಿಳಿದ ಕಾಲದಲ್ಲಿ ಕೊರಳಿಗೆ ಬಿತ್ತು.

ಈ ಸಂಕಟದಲ್ಲಿ ಒಂದು ಕಾನೂನಿನ ಪಾತ್ರ ವಿಶೇಷ ಗಮನಕ್ಕೆ ಯೋಗ್ಯವಾಗಿದೆ. ಹಳೆಯ ಸಾಲಗಳು ಅನಂತಕಾಲ ಕಾಡಬಾರದೆಂದು ಸರಕಾರವು 1859ರಲ್ಲಿ ಕಾಲಮಿತಿಯ ಕಾಯಿದೆಯನ್ನು ತಂದು, ಸಾಧಾರಣ ಸಾಲಪತ್ರಗಳಿಗೆ ಮೂರು ವರ್ಷಗಳ ಆಯುಷ್ಯವನ್ನು ಗೊತ್ತುಮಾಡಿತು. ಉದ್ದೇಶ ಸಾಲಗಾರನ ರಕ್ಷಣೆ. ಪರಿಣಾಮ ಅದಕ್ಕೆ ನೇರ ವಿರುದ್ಧವಾಯಿತು. ಮೂರು ವರ್ಷ ತುಂಬುವ ಮೊದಲು ಸಾಹುಕಾರನು ಹಳೆಯ ಪತ್ರವನ್ನು ರದ್ದುಮಾಡಿ, ಬಾಕಿಯ ಬಡ್ಡಿಯನ್ನು ಅಸಲಿಗೆ ಸೇರಿಸಿ, ಒಟ್ಟು ಮೊತ್ತಕ್ಕೆ ಹೊಸ ಪತ್ರವನ್ನು ಬರೆಸಿಕೊಳ್ಳತೊಡಗಿದನು. ಒಂದು ಲೆಕ್ಕವನ್ನು ನೋಡಬಹುದು. ವರ್ಷಕ್ಕೆ ನೂರಕ್ಕೆ 24ರಂತೆ 100 ರೂಪಾಯಿ ಸಾಲ ಪಡೆದವನು ಏನನ್ನೂ ಕಟ್ಟದಿದ್ದರೆ ಮೂರು ವರ್ಷಗಳಲ್ಲಿ ಅದು 172 ರೂಪಾಯಿಯಾಗುತ್ತದೆ. ಹೊಸ ಪತ್ರ. ಆರು ವರ್ಷಕ್ಕೆ 296; ಒಂಬತ್ತಕ್ಕೆ 509; ಹನ್ನೆರಡನೆಯ ವರ್ಷಕ್ಕೆ 875. ಪತ್ರವನ್ನು ನವೀಕರಿಸದೆ ಸರಳಬಡ್ಡಿಯೇ ನಡೆದಿದ್ದರೆ ಹನ್ನೆರಡು ವರ್ಷಕ್ಕೆ 388 ಆಗುತ್ತಿತ್ತು. ದರ ಎರಡು ಕಡೆಯೂ ಒಂದೇ. ಅಕ್ಷರ ತಿಳಿಯದ ರೈತನು ಹೆಬ್ಬೆಟ್ಟನ್ನು ಒತ್ತಿದ್ದು ಮಾತ್ರ ಒಂದಲ್ಲ, ನಾಲ್ಕು ಬಾರಿ.

ವಿಚಾರಣಾ ಆಯೋಗದ ವರದಿಯಾದ ಮೇಲೆ 1879ರಲ್ಲಿ ದಖ್ಖನ್ ಕೃಷಿಕರ ಪರಿಹಾರ ಕಾಯಿದೆ ಬಂದಿತು. ನ್ಯಾಯಾಧೀಶನು ಪತ್ರದಲ್ಲಿ ಬರೆದ ಮೊತ್ತಕ್ಕೆ ಕಟ್ಟುಬೀಳದೆ, ವ್ಯವಹಾರವು ಮೊದಲಾದ ದಿನದಿಂದ ಲೆಕ್ಕವನ್ನು ತೆಗೆಸಬೇಕು. ಅಸಲಿಗೊಂದು, ಬಡ್ಡಿಗೊಂದು ಪ್ರತ್ಯೇಕ ಖಾತೆಯಿರಬೇಕು. ಅಸಲಾಗಿ ಮಾರ್ಪಡಿಸಿದ ಬಡ್ಡಿಯನ್ನು ಅಸಲೆಂದು ಗಣಿಸಕೂಡದು. ಸಾಲಗಾರನಿಗೆ ರಶೀದಿಯನ್ನೂ ಲೆಕ್ಕದ ಪ್ರತಿಯನ್ನೂ ಪಡೆಯುವ ಹಕ್ಕು ದೊರೆಯಿತು. ಮುಂದೆ ಈ ಕಾಯಿದೆಯ ವ್ಯಾಪ್ತಿ ಬೊಂಬಾಯಿ ಪ್ರಾಂತದ ಇತರ ಜಿಲ್ಲೆಗಳಿಗೂ ಹಬ್ಬಿತು. ಮೈಸೂರು ಸಂಸ್ಥಾನವು 1928ರಲ್ಲಿ ಕೃಷಿಕರ ಪರಿಹಾರ ಕಾಯಿದೆಯನ್ನು ಮಾಡಿತು. ಈ ಕಾಯಿದೆಗಳ ನಂತರ ಸಾಲ ಸಿಕ್ಕುವುದೇ ಕಷ್ಟವಾಯಿತೆಂಬ ಆಕ್ಷೇಪ ಕೇಳಿಬಂದುದುಂಟು. ಆಕ್ಷೇಪದಲ್ಲಿ ಹುರುಳಿಲ್ಲದಿಲ್ಲ.

ಹಳೆಯ ಧರ್ಮಶಾಸ್ತ್ರದ ಇನ್ನೊಂದು ಕಟ್ಟು ದಾಮದುಪಟ. ಒಂದು ಸಲಕ್ಕೆ ವಸೂಲುಮಾಡುವ ಬಡ್ಡಿ ಅಸಲನ್ನು ಮೀರಬಾರದೆಂಬ ಈ ನಿಯಮಕ್ಕೆ ಮನುಸ್ಮೃತಿಯ ಎಂಟನೆಯ ಅಧ್ಯಾಯ ಆಧಾರ. ಇಂಗ್ಲಿಷರ ಆಳ್ವಿಕೆಯಲ್ಲಿ ಬೊಂಬಾಯಿ ಪ್ರಾಂತದಲ್ಲಿಯೂ ಕಲಕತ್ತ ನಗರದಲ್ಲಿಯೂ ಅದನ್ನು ನ್ಯಾಯಾಲಯಗಳು ಮನ್ನಿಸಿದವು. ಮದ್ರಾಸ್ ಪ್ರಾಂತದಲ್ಲಿ ಮನ್ನಿಸಲಿಲ್ಲ. ಹೀಗಾಗಿ ಬೆಳಗಾವಿ, ಧಾರವಾಡ, ವಿಜಾಪುರಗಳ ಸಾಲಗಾರನಿಗಿದ್ದ ಆಶ್ರಯ ಮಂಗಳೂರು, ಕಾರ್ಕಳ, ಮೂಡುಬಿದಿರೆಗಳ ಸಾಲಗಾರನಿಗೆ ಇರಲಿಲ್ಲ. ಈ ನಿಯಮವನ್ನು ಕುರಿತು ಒಂದು ತಪ್ಪು ತಿಳಿವಳಿಕೆಯೂ ಪ್ರಚಾರದಲ್ಲಿದೆ. ಸಾಲದ ಇಡೀ ಅವಧಿಯಲ್ಲಿ ಕೊಟ್ಟ ಬಡ್ಡಿಯ ಒಟ್ಟು ಮೊತ್ತ ಅಸಲನ್ನು ಮೀರಬಾರದೆಂದು ಅದು ಹೇಳುವುದಿಲ್ಲ. ಕಟ್ಟದೆ ಉಳಿದು ಒಟ್ಟುಗೂಡಿದ ಬಡ್ಡಿಗೆ ಮಾತ್ರ ಆ ಮಿತಿ. ತಿಂಗಳು ತಿಂಗಳಿಗೆ ತಪ್ಪದೆ ಬಡ್ಡಿ ಕಟ್ಟುವ ಸಜ್ಜನನಿಗೆ ದಾಮದುಪಟದ ನೆರಳು ಸಿಕ್ಕುವುದೇ ಇಲ್ಲ. ಇಂದಿನ ಗೃಹಸಾಲವನ್ನು ಹಳೆಯ ನಿಯಮಕ್ಕೆ ಹೋಲಿಸಿ ಬ್ಯಾಂಕುಗಳನ್ನು ದೂರುವವರು ಇದನ್ನು ಗಮನಿಸುವುದು ಒಳಿತು.

ಅಡಮಾನದ ಈಗಿನ ಕಾನೂನಿಗೆ 1882ರ ಸ್ವತ್ತು ವರ್ಗಾವಣೆ ಕಾಯಿದೆಯೇ ತಳಹದಿ. ಅದರ 58ನೆಯ ಕಲಮು ಅಡಮಾನದ ಬಗೆಗಳನ್ನು ವಿವರಿಸುತ್ತದೆ. ಹಕ್ಕುಪತ್ರಗಳನ್ನು ಸಾಲ ಕೊಟ್ಟವನ ಕೈಯಲ್ಲಿಡುವ ಬಗೆಯೂ ಅವುಗಳಲ್ಲಿ ಒಂದು, ಇಂದಿನ ಗೃಹಸಾಲಗಳು ಬಹುಮಟ್ಟಿಗೆ ಈ ಬಗೆಯವೇ. 60ನೆಯ ಕಲಮು ಸಾಲ ತೀರಿಸಿ ಒತ್ತೆಯನ್ನು ಬಿಡಿಸಿಕೊಳ್ಳುವ ಹಕ್ಕನ್ನು ಕೊಡುತ್ತದೆ. ಬಡ್ಡಿ ವಿಪರೀತವಾಗಿದ್ದರೆ ವ್ಯವಹಾರವನ್ನು ಮತ್ತೆ ತೆರೆಯುವ ಅಧಿಕಾರವು 1918ರ ಕಾಯಿದೆಯಿಂದ ನ್ಯಾಯಾಲಯಗಳಿಗೆ ದೊರೆಯಿತು. ಆದರೆ 1984ರಲ್ಲಿ ಬ್ಯಾಂಕಿಂಗ್ ನಿಯಂತ್ರಣ ಕಾಯಿದೆಗೆ 21ಎ ಎಂಬ ಕಲಮು ಸೇರಿ, ಬ್ಯಾಂಕು ವಿಧಿಸಿದ ಬಡ್ಡಿ ಹೆಚ್ಚಾಯಿತೆಂಬ ಕಾರಣಕ್ಕೆ ಆ ವ್ಯವಹಾರವನ್ನು ನ್ಯಾಯಾಲಯವು ತೆರೆದು ನೋಡುವಂತಿಲ್ಲವೆಂದಾಯಿತು. ನಿಗದಿಯಾದ ಅವಧಿಗೊಮ್ಮೆ ಅಸಲಿಗೆ ಸೇರಿಸಿದ ಬಡ್ಡಿಯು ಅಸಲೇ ಆಗುತ್ತದೆಂಬುದನ್ನು ಸರ್ವೋಚ್ಚ ನ್ಯಾಯಾಲಯದ ಸಂವಿಧಾನ ಪೀಠವು 2001ರಲ್ಲಿ ಒಪ್ಪಿತು. ಸಾಲ ಮರುಪಾವತಿಯಾಗದಿದ್ದಾಗ ನ್ಯಾಯಾಲಯದ ನೆರವಿಲ್ಲದೆಯೇ ಮನೆಯನ್ನು ವಶಪಡಿಸಿಕೊಳ್ಳುವ ಅಧಿಕಾರ 2002ರ ಕಾಯಿದೆಯಿಂದ ಬ್ಯಾಂಕುಗಳಿಗೆ ಬಂದಿದೆ. ಅರವತ್ತು ದಿನಗಳ ಸೂಚನೆ ಮೊದಲ ಹೆಜ್ಜೆ. ಆ ಕಾಯಿದೆಗೆ 2016ರಲ್ಲಾದ ತಿದ್ದುಪಡಿಯಿಂದ, ಹರಾಜಿನ ಪ್ರಕಟಣೆ ಹೊರಬೀಳುವುದಕ್ಕೆ ಮೊದಲೇ ಹಣ ಕಟ್ಟಿದರೆ ಮಾತ್ರ ಮನೆ ಉಳಿಯುತ್ತದೆ. ಬ್ಯಾಂಕು ಠೇವಣಿದಾರರ ಹಣಕ್ಕೆ ಹೊಣೆಯಾದ ಸಂಸ್ಥೆ, ಅದನ್ನು ಸುಪೆಯ ಸಾಹುಕಾರನೊಡನೆ ಸಮೀಕರಿಸುವುದು ನ್ಯಾಯವಲ್ಲ. ಹಾಗಿದ್ದರೂ ಒಂದು ಮಾತು ನಿಜ: 1879ರಲ್ಲಿ ನ್ಯಾಯಾಧೀಶನು ಸಾಲಗಾರನ ಪರವಾಗಿ ಮಾಡುತ್ತಿದ್ದ ಲೆಕ್ಕವನ್ನು ಈಗ ಸಾಲಗಾರನು ತಾನೇ ಮಾಡಿಕೊಳ್ಳಬೇಕಾಗಿದೆ, ಅದೂ ಸಹಿ ಹಾಕುವುದಕ್ಕೆ ಮೊದಲು.

ಭಾರತದಲ್ಲಿ ಮನೆಗಾಗಿ ದೀರ್ಘಾವಧಿ ಸಾಲವೆಂಬುದು ವ್ಯಾಪಕವಾದುದು ಇತ್ತೀಚೆಗೆ. ಎಚ್.ಡಿ.ಎಫ್.ಸಿ. ಆರಂಭವಾದುದು 1977ರಲ್ಲಿ, ರಾಷ್ಟ್ರೀಯ ವಸತಿ ಬ್ಯಾಂಕು ಸ್ಥಾಪನೆಯಾದುದು 1988ರಲ್ಲಿ. ಅದಕ್ಕೆ ಮೊದಲು ನೌಕರಿಯವರು ನಿವೃತ್ತಿಯ ಹಣದಿಂದ ಮನೆ ಕಟ್ಟುತ್ತಿದ್ದರು. ಐವತ್ತೆಂಟಕ್ಕೆ ಗೃಹಪ್ರವೇಶ ಮಾಡುತ್ತಿದ್ದವರ ಮಕ್ಕಳು ಮೂವತ್ತಕ್ಕೇ ಮಾಡುತ್ತಿದ್ದಾರೆ. ಇದು ಸಣ್ಣ ಬದಲಾವಣೆಯಲ್ಲ, ಕೆಟ್ಟ ಬದಲಾವಣೆಯೂ ಅಲ್ಲ. ಅದರ ಬೆಲೆ ಎಷ್ಟೆಂಬುದೇ ಪ್ರಶ್ನೆ.

30 ಲಕ್ಷ ರೂಪಾಯಿ ಸಾಲ, ವರ್ಷಕ್ಕೆ ನೂರಕ್ಕೆ 9ರ ಬಡ್ಡಿ, 20 ವರ್ಷಗಳ ಅವಧಿ ಎಂದಿಟ್ಟುಕೊಂಡರೆ ತಿಂಗಳ ಕಂತು 26,992 ರೂಪಾಯಿ. 240 ಕಂತುಗಳ ಒಟ್ಟು ಮೊತ್ತ 64 ಲಕ್ಷ 78 ಸಾವಿರ. ಬಡ್ಡಿಯೇ 34 ಲಕ್ಷ 78 ಸಾವಿರ. ಇಷ್ಟನ್ನು ಅನೇಕರು ಬಲ್ಲರು. ಬಲ್ಲದಿರುವುದು ಕಂತಿನ ಒಳಗಿನ ಹಂಚಿಕೆ. ಮೊದಲ ತಿಂಗಳ ಕಂತಿನಲ್ಲಿ 22,500 ರೂಪಾಯಿ ಬಡ್ಡಿಗೆ ಹೋಗುತ್ತದೆ. ಅಸಲಿಗೆ ಸಲ್ಲುವುದು 4,492 ಮಾತ್ರ. ಐದು ವರ್ಷಗಳಲ್ಲಿ 16 ಲಕ್ಷಕ್ಕೂ ಮಿಕ್ಕಿ ಹಣ ಕಟ್ಟಿದ ಮೇಲೆ ಉಳಿದಿರುವ ಸಾಲ 26 ಲಕ್ಷ 61 ಸಾವಿರ. ಹತ್ತು ವರ್ಷ ಮುಗಿದಾಗ 21 ಲಕ್ಷ 31 ಸಾವಿರ. ಅರ್ಧ ಕಾಲ ಕಳೆದಿದೆ, ಮೂರನೆಯ ಒಂದು ಭಾಗವೂ ತೀರಿಲ್ಲ. ಕಂತಿನಲ್ಲಿ ಅಸಲಿನ ಪಾಲು ಬಡ್ಡಿಯ ಪಾಲನ್ನು ಮೀರುವುದು 149ನೆಯ ತಿಂಗಳಲ್ಲಿ, ಎಂದರೆ ಹದಿಮೂರನೆಯ ವರ್ಷದಲ್ಲಿ. ಇದರಲ್ಲಿ ಮೋಸವೇನೂ ಇಲ್ಲ. ಉಳಿದ ಅಸಲಿನ ಮೇಲೆ ಬಡ್ಡಿ, ಬಡ್ಡಿ ಕಳೆದು ಮಿಕ್ಕಿದ್ದು ಅಸಲಿಗೆ ಎಂಬ ಸಾಮಾನ್ಯ ಗಣಿತವಷ್ಟೆ. ಆದರೆ ಮೊದಲ ಐದಾರು ವರ್ಷಗಳಲ್ಲಿ ಮನೆಯನ್ನು ಮಾರುವ ಪ್ರಸಂಗ ಬಂದವನಿಗೆ, ತಾನು ಕಟ್ಟಿದ ಹಣದಿಂದ ತನ್ನದಾದ ಪಾಲು ಎಷ್ಟು ಅಲ್ಪವೆಂಬುದು ಆಗ ಮೊದಲ ಬಾರಿಗೆ ಕಣ್ಣಿಗೆ ಬೀಳುತ್ತದೆ.

ಕಾಲವನ್ನು ಮೊಟಕುಗೊಳಿಸಿದರೆ ಏನಾಗುತ್ತದೆ? ಅದೇ ಸಾಲವನ್ನು 15 ವರ್ಷಗಳಿಗೆ ಪಡೆದರೆ ಕಂತು 30,428. ತಿಂಗಳಿಗೆ 3,436 ರೂಪಾಯಿ ಹೆಚ್ಚು. ಒಟ್ಟು ಬಡ್ಡಿಯಲ್ಲಿ ಉಳಿತಾಯವಾದರೋ 10 ಲಕ್ಷ. ಸಾಲ ಮಂಜೂರು ಮಾಡುವವರು ಕಂತು ಸಣ್ಣದಾಗಲೆಂದು ಅವಧಿಯನ್ನು ಹಿಗ್ಗಿಸುವ ಸಲಹೆ ಕೊಡುವುದು ರೂಢಿ. ಕಂತು ಸಣ್ಣದಾದಷ್ಟೂ ಸಾಲ ದೊಡ್ಡದಾಗುತ್ತದೆ.

ದರದ ಅಂಕಿ ಒಂದೇ ಇದ್ದರೂ ಲೆಕ್ಕದ ಕ್ರಮ ಬೇರೆಯಾದಾಗ ಬೆಲೆ ಬೇರೆಯಾಗುತ್ತದೆ. ಮೊದಮೊದಲ ಗೃಹಸಾಲಗಳಲ್ಲಿ ವಾರ್ಷಿಕ ಇಳಿಕೆಯ ಪದ್ಧತಿಯಿತ್ತು. ಸಾಲಗಾರನು ತಿಂಗಳು ತಿಂಗಳೂ ಕಟ್ಟಿದ ಅಸಲನ್ನು ವರ್ಷದ ಕೊನೆಯಲ್ಲಿ ಮಾತ್ರ ಸಾಲದಿಂದ ಕಳೆಯುತ್ತಿದ್ದರು. ಅಲ್ಲಿಯವರೆಗೆ ಕಟ್ಟಿದ ಹಣಕ್ಕೂ ಅವನು ಬಡ್ಡಿ ತೆರುತ್ತಿದ್ದನು. ಮೇಲಿನ ಸಾಲವನ್ನೇ ಹೀಗೆ ಲೆಕ್ಕಹಾಕಿದರೆ ಕಂತು 27,387 ಆಗುತ್ತದೆ. ಇಪ್ಪತ್ತು ವರ್ಷಗಳಲ್ಲಿ ವ್ಯತ್ಯಾಸ ಸುಮಾರು 95 ಸಾವಿರ. ಪತ್ರದಲ್ಲಿ ಎರಡು ಕಡೆಯೂ 9 ಎಂದೇ ಬರೆದಿರುತ್ತದೆ. ಕೂಟಲೇಖವೆಂದು ಇದನ್ನು ಕರೆಯಲಾಗದು. ಆದರೂ ತಿಳಿಯದವನಿಗೆ ತಿಳಿಸದೆ ಬಿಡುವುದು ಸತ್ಯವ್ರತಕ್ಕೆ ಎಷ್ಟು ಒಪ್ಪುತ್ತದೆಂಬುದು ವಿಚಾರಾರ್ಹ. ಸಾಲ ಕೊಡಿಸುವ ಉದ್ಯೋಗದಲ್ಲಿರುವ ಶ್ರಾವಕರೂ ಇಂದು ಕಡಿಮೆಯಿಲ್ಲ.

ಬದಲಾಗುವ ಬಡ್ಡಿದರದ ಕಥೆ ಇನ್ನೂ ಸೂಕ್ಷ್ಮವಾದುದು. ಹೊಸ ಗೃಹಸಾಲಗಳ ದರವನ್ನು ಹೊರಗಿನ ಮಾನದಂಡವೊಂದಕ್ಕೆ ಜೋಡಿಸಬೇಕೆಂದು ರಿಸರ್ವ್ ಬ್ಯಾಂಕು 2019ರ ಅಕ್ಟೋಬರಿನಿಂದ ಬ್ಯಾಂಕುಗಳಿಗೆ ವಿಧಿಸಿತು. ರೆಪೊ ದರ 2022ರ ಮೇ ತಿಂಗಳಿನಿಂದ 2023ರ ಫೆಬ್ರವರಿಯವರೆಗೆ 4ರಿಂದ 6.5ಕ್ಕೆ ಏರಿತು. ಅದಕ್ಕೆ ಒಂದು ವರ್ಷ ಮೊದಲು ನೂರಕ್ಕೆ 7ರ ದರದಲ್ಲಿ 20 ವರ್ಷಕ್ಕೆ 30 ಲಕ್ಷ ಪಡೆದವನ ಕಂತು 23,259 ರೂಪಾಯಿ. ಒಂದು ವರ್ಷ ಕಟ್ಟಿದ ಮೇಲೆ ಉಳಿದ ಸಾಲ 29 ಲಕ್ಷ 29 ಸಾವಿರ. ಏರಿಕೆಯೆಲ್ಲವೂ ಆಗ ಒಮ್ಮೆಗೇ ಬಂದು ದರ 9.5 ಆಯಿತೆಂದು ಸರಳವಾಗಿ ಹಿಡಿದರೆ, ತಿಂಗಳ ಬಡ್ಡಿಯೇ 23,185 ರೂಪಾಯಿ. ಕಂತನ್ನು ಹಾಗೆಯೇ ಬಿಟ್ಟರೆ ಅಸಲಿಗೆ ಸಲ್ಲುವುದು 74 ರೂಪಾಯಿ! ಈ ಗತಿಯಲ್ಲಿ ಸಾಲ ತೀರಲು ಇನ್ನೂ ಅರವತ್ತು ವರ್ಷಗಳೇ ಬೇಕು. ಕೈಯಿಂದ ಹೋಗುವ ಹಣ ಮೊದಲಿನಷ್ಟೇ ಆದುದರಿಂದ ಮನೆಯವರಿಗೆ ಯಾವ ಬದಲಾವಣೆಯೂ ತೋರದು. ಬಡ್ಡಿಗೆ ಬೆಳೆಯೆಲ್ಲ ಹೋಗಿ ಅಸಲು ಇದ್ದಲ್ಲಿಯೇ ಇರುವ ಫಲಭೋಗ್ಯಕ್ಕೂ ಇದಕ್ಕೂ ಹೆಚ್ಚಿನ ಅಂತರವಿಲ್ಲ; ಇಲ್ಲಿ ಫಲವೆಂದರೆ ಮನೆಯವನ ಸಂಬಳ. ಕಂತು ಬಡ್ಡಿಯನ್ನೂ ತುಂಬದಂತಾಗಬಾರದೆಂದೂ, ದರ ಬದಲಾದಾಗ ಕಂತನ್ನು ಏರಿಸುವುದೋ ಅವಧಿಯನ್ನು ಹಿಗ್ಗಿಸುವುದೋ ಎಂಬ ಆಯ್ಕೆಯನ್ನು ಸಾಲಗಾರನಿಗೆ ಕೊಡಬೇಕೆಂದೂ ರಿಸರ್ವ್ ಬ್ಯಾಂಕು 2023ರ ಆಗಸ್ಟಿನಲ್ಲಿ ಆದೇಶಿಸಿದುದು ಈ ಕಾರಣದಿಂದಲೇ. 2025ರಲ್ಲಿ ರೆಪೊ ದರ ಮತ್ತೆ ಇಳಿಯತೊಡಗಿತು. ಇಳಿದಾಗ ಅದರ ಲಾಭವನ್ನು ಅವಧಿಯ ಕಡಿತದಲ್ಲಿ ಪಡೆಯುವುದೇ ಲೇಸು.

ಎದುರು ಪಕ್ಷದ ಮಾತನ್ನೂ ಹೇಳದಿದ್ದರೆ ಲೆಕ್ಕ ಪೂರ್ಣವಾಗದು. ಸ್ವಂತ ಮನೆಯಲ್ಲಿರುವವನು ಬಾಡಿಗೆಯನ್ನು ಉಳಿಸುತ್ತಾನೆ. ಹಣದ ಮೌಲ್ಯ ಕುಗ್ಗುವುದರಿಂದ ಇಪ್ಪತ್ತನೆಯ ವರ್ಷದ 26,992 ರೂಪಾಯಿ ಮೊದಲನೆಯ ವರ್ಷದಷ್ಟು ಭಾರವಲ್ಲ, ಸಂಬಳವೂ ಏರಿರುತ್ತದೆ. ಆದಾಯ ತೆರಿಗೆಯ ಹಳೆಯ ಕ್ರಮದಲ್ಲಿ ವರ್ಷಕ್ಕೆ 2 ಲಕ್ಷದವರೆಗಿನ ಬಡ್ಡಿಗೆ ರಿಯಾಯಿತಿಯುಂಟು. ಹೊಸ ಕ್ರಮದಲ್ಲಿ ಸ್ವಂತ ವಾಸದ ಮನೆಗೆ ಅದಿಲ್ಲ. ಇವನ್ನೆಲ್ಲ ಎಣಿಸಿದ ಮೇಲೂ ಸಾಲ ಪಡೆಯುವುದೇ ಜಾಣತನವೆನ್ನಬಹುದಾದ ಸಂದರ್ಭಗಳು ಬೇಕಾದಷ್ಟಿವೆ. ಆಕ್ಷೇಪವಿರುವುದು ಬ್ಯಾಂಕು ಎಷ್ಟು ಕೊಡುತ್ತದೆಂದು ಕೇಳಿ, ಅಷ್ಟಕ್ಕೆ ತಕ್ಕ ಮನೆಯನ್ನು ಹುಡುಕುವ ಕ್ರಮಕ್ಕೆ. ಪರಿಗ್ರಹ ಪರಿಮಾಣ ವ್ರತದಲ್ಲಿ ಮಿತಿಯನ್ನು ಮೊದಲು ಗೊತ್ತುಮಾಡಿಕೊಳ್ಳುತ್ತಾರೆ, ವಸ್ತು ಆಮೇಲೆ ಬರುತ್ತದೆ.

ಈಚಿನ ಮೂರು ನಿಯಮಗಳು ಕುಟುಂಬಗಳಿಗೆ ತಿಳಿದಿರಬೇಕು. ವ್ಯಕ್ತಿಗಳು ಬದಲಾಗುವ ದರದಲ್ಲಿ ಪಡೆದ ಗೃಹಸಾಲವನ್ನು ಅವಧಿಗೆ ಮೊದಲೇ ತೀರಿಸಿದರೆ ಬ್ಯಾಂಕುಗಳು ದಂಡ ವಿಧಿಸಕೂಡದೆಂಬುದು 2012ರಿಂದ ಜಾರಿಯಲ್ಲಿದೆ. ಕೈಗೆ ಬಂದ ಹೆಚ್ಚಿನ ಹಣವನ್ನು ಮೊದಲ ವರ್ಷಗಳಲ್ಲಿಯೇ ಅಸಲಿಗೆ ಕಟ್ಟಿದರೆ ಅದರ ಫಲ ಅತ್ಯಧಿಕ. 2024ರ ಅಕ್ಟೋಬರ್ 1ರಿಂದ ಮಂಜೂರಾಗುವ ಬ್ಯಾಂಕ್ ಗೃಹಸಾಲಗಳಿಗೆ ಮುಖ್ಯಾಂಶಗಳ ಪತ್ರವೊಂದನ್ನು ಸಾಲಗಾರನಿಗೆ ತಿಳಿಯುವ ಭಾಷೆಯಲ್ಲಿ ಕೊಡಬೇಕು. ಬಡ್ಡಿಯಲ್ಲದೆ ಸಾಲಕ್ಕೆ ಅಂಟಿಬರುವ ಇತರ ಶುಲ್ಕಗಳನ್ನೂ ಸೇರಿಸಿದ ವಾರ್ಷಿಕ ದರವೂ, ಕಂತು ಕಂತಿನ ಹಂಚಿಕೆಯ ಪಟ್ಟಿಯೂ ಅದರಲ್ಲಿರಬೇಕು. 1879ರ ಕಾಯಿದೆಯ ಲೆಕ್ಕದ ಪ್ರತಿಗೆ ಇದು ಮೊಮ್ಮಗುವೆನ್ನಬಹುದು. ಅದನ್ನು ಕನ್ನಡದಲ್ಲಿ ಕೇಳಿ ಪಡೆಯುವುದು ಸಾಲಗಾರನ ಹಕ್ಕು.

ಮೂರನೆಯದು ಒತ್ತೆಯ ಬಿಡುಗಡೆಗೆ ಸಂಬಂಧಿಸಿದೆ. ಸಾಲ ಪೂರ್ಣವಾಗಿ ತೀರಿದ 30 ದಿನಗಳೊಳಗೆ ಮೂಲ ಹಕ್ಕುಪತ್ರಗಳನ್ನು ಹಿಂತಿರುಗಿಸಬೇಕು. ತನ್ನ ತಪ್ಪಿನಿಂದ ತಡಮಾಡುವ ಸಂಸ್ಥೆ ದಿನವೊಂದಕ್ಕೆ 5,000 ರೂಪಾಯಿಯಂತೆ ಪರಿಹಾರ ಕೊಡಬೇಕು. 2023ರ ಡಿಸೆಂಬರ್ 1ರಿಂದ ಇದು ನಡೆಯುತ್ತಿದೆ. ಸಾಲ ತೀರಿದರೂ ಒತ್ತೆಯನ್ನು ಬಿಡದ ಧನಿಕನನ್ನು ಯಾಜ್ಞವಲ್ಕ್ಯನು ಏನೆಂದು ಕರೆದನೆಂಬುದನ್ನು ಮೇಲೆ ಕಂಡಿದ್ದೇವೆ. ಬೆಳಗೊಳದಲ್ಲಿ ಒತ್ತೆ ಬಿಟ್ಟುದನ್ನು ನಾಲ್ಕು ಜನರ ಸಮ್ಮುಖದಲ್ಲಿ ಧಾರೆಯೆರೆದು, ಕಲ್ಲಿನಲ್ಲಿ ಕೊರೆಸಿ ಇಟ್ಟರು. ಇಂದಿನ ಗೃಹಸ್ಥನು ಹಕ್ಕುಪತ್ರಗಳು ಕೈಸೇರಿದ ಮೇಲೆ ಉಪನೋಂದಣಾಧಿಕಾರಿಯ ಕಚೇರಿಗೆ ಹೋಗಿ, ಅಲ್ಲಿ ನಮೂದಾದ ಅಡಮಾನವನ್ನು ರದ್ದುಮಾಡಿಸಿ, ಹೊಸ ಋಣಭಾರ ಪತ್ರವನ್ನು ಪಡೆದು ನೋಡಬೇಕು. ಬಸದಿಯ ಆಸ್ತಿಯ ಮೇಲೆ ಹಿಂದೆಂದೋ ಸಾಲ ತೆಗೆದ ಟ್ರಸ್ಟುಗಳೂ ಈ ಪತ್ರವನ್ನು ತರಿಸಿ ನೋಡುವುದು ಒಳ್ಳೆಯದು. ತೀರಿದ ಸಾಲವೊಂದು ಕಾಗದದ ಮೇಲೆ ಇನ್ನೂ ಬದುಕಿರಬಹುದು.